ಜಪ್ತಿಯಾದ ಹಲ್ಲುಗಳು

ಮಾರ್ಚ್ 3, ಸೋಮವಾರ

ಬೆಳಿಗ್ಗೆ ಒಂಬತ್ತಕ್ಕೆ ಹೋದರೆ ನನ್ನ ಅಂಗಡಿಗೆ ನನ್ನದಲ್ಲದ ಬೀಗ. ಕತ್ತರಿಸಿದ ನನ್ನ ಬೀಗ ಮೆಟ್ಟಿಲ ಮೇಲೆ ಬಿದ್ದಿತ್ತು. ಬಾಗಿಲಿಗೆ ಅರಗಿನ ಮುದ್ರೆ, ಪಕ್ಕದಲ್ಲಿ ನೋಟೀಸು. ಕಟ್ಟಡದ ಮಾಲೀಕ ಸಾಲ ತೀರಿಸಿಲ್ಲವಂತೆ. ಅಡಮಾನವಿಟ್ಟ ಆಸ್ತಿಯನ್ನು ಬ್ಯಾಂಕು ವಶಕ್ಕೆ ಪಡೆದಿದೆಯಂತೆ. ಇಪ್ಪತ್ತೆಂಟರಂದು ಹರಾಜು, 'ಇದ್ದಲ್ಲಿ ಇದ್ದ ಹಾಗೆ'.

ನಾನು ಬಾಡಿಗೆಯವಳು. ಆ ಸಾಲದಲ್ಲಿ ಒಂದು ಬಿಡಿಗಾಸೂ ನನ್ನದಲ್ಲ. ಆದರೆ ಇದ್ದಲ್ಲಿ ಇದ್ದ ಹಾಗೆ ಅಂದರೆ ಒಳಗೆ ನನ್ನ ಉಜ್ಜುವ ಯಂತ್ರ ಇದೆ, ಮೇಣ ಕರಗಿಸುವ ಒಲೆ ಇದೆ, ಅರ್ಧ ಚೀಲ ಪ್ಲಾಸ್ಟರ್ ಇದೆ, ಏಳು ಜನರ ಹಲ್ಲೂ ಇದೆ.

ಹಲ್ಲು ಕಟ್ಟುವುದು ನನ್ನ ಕಸುಬು. ದಂತವೈದ್ಯರು ಬಾಯಿಯ ಅಚ್ಚು ತೆಗೆದು ಚೀಟಿಯ ಮೇಲೆ ನಂಬರ್ ಬರೆದು ಕಳಿಸುತ್ತಾರೆ, ನಾನು ಸೆಟ್ ಮಾಡಿ ಕಳಿಸುತ್ತೇನೆ. ಸಡಿಲವಾದರೆ, ಬಿರುಕು ಬಿಟ್ಟರೆ ಮಾತ್ರ ಜನ ನೇರವಾಗಿ ನನ್ನ ಕಿಟಕಿಗೆ ಬರುವುದು. ಈ ಕಸುಬಿನ ದೊಡ್ಡ ಸುಖವೆಂದರೆ ಬಾಯಿ ಬರುತ್ತದೆ, ಮಾತು ಬರುವುದಿಲ್ಲ. ಹನ್ನೊಂದು ವರ್ಷ ಹೀಗೆ ನೆಮ್ಮದಿಯಾಗಿದ್ದೆ.

ಹತ್ತಕ್ಕೆ ನಂಬರ್ ಐದು ಬಂತು. ದಪ್ಪ ಮೀಸೆ, ಅದರ ಕೆಳಗೆ ಒಳಸೇರಿದ ತುಟಿ. ನೋಟೀಸನ್ನು ಎರಡು ಸಲ ಓದಿ, "ನನ್ ಹಲ್ಲು?" ಎಂದಿತು.

"ಒಳಗಿದೆ."

"ಶನಿವಾರ ನಾನು ಬ್ಯಾಂಡಲ್ಲಿ ಕ್ಲಾರಿನೆಟ್ ಊದ್ಬೇಕು."

ನಾನು ಫೋನು ತೆಗೆದೆ. ಮಾಲೀಕನ ಫೋನು ಸ್ವಿಚ್ ಆಫ್. ನಂಬರ್ ಐದು ಹನ್ನೆರಡರವರೆಗೂ ಮೆಟ್ಟಿಲ ಮೇಲೆ ಕೂತಿತ್ತು. ನಾನೂ ಕೂತಿದ್ದೆ, ಆದರೆ ಬೇರೆ ಮೆಟ್ಟಿಲಲ್ಲಿ.

ಮಾರ್ಚ್ 4, ಮಂಗಳವಾರ

ನನ್ನ ಯಜಮಾನರು ಲಿಫ್ಟ್ ರಿಪೇರಿ ಮಾಡುವವರು. "ಒಳಗೆ ಸಿಕ್ಕಾಕ್ಕೊಂಡೋರು ಗುಂಡಿ ಒತ್ತುತಾನೇ ಇರ್ಬೇಕು ಕಣೇ. ಸುಮ್ನೆ ಕೂತ್ರೆ ಹೊರಗಿನೋರು ಲಿಫ್ಟ್ ಖಾಲಿ ಅಂದ್ಕೋತಾರೆ," ಎಂದು ನನ್ನನ್ನು ಬ್ಯಾಂಕಿಗೆ ಅಟ್ಟಿದರು.

ಎರಡನೇ ಮಹಡಿಯಲ್ಲಿ ವಸೂಲಿ ಅಧಿಕಾರಿ. ಮೂವತ್ತರ ಆಸುಪಾಸು. ಒಳ್ಳೆಯ ಸಾಲು, ಕೆಳಗಿನ ಒಂದು ಹಲ್ಲು ಮಾತ್ರ ಓರೆ. ನಾನು ಹೇಳಿದ್ದಕ್ಕೆಲ್ಲ "ಖಂಡಿತ ಮೇಡಂ" ಎಂದರು. ಅವರ ಬಾಯಲ್ಲಿ ಖಂಡಿತ ಅನ್ನುವುದು ಕೆಮ್ಮಿನ ಹಾಗೆ, ಬರುತ್ತದೆ, ಹೋಗುತ್ತದೆ.

ಒಳಗೆ ಸಿಕ್ಕ ವಸ್ತುಗಳ ಪಟ್ಟಿ ತೋರಿಸಿದರು. ಯಂತ್ರ ಒಂದು. ಒಲೆ ಒಂದು. ಬಿಳಿ ಪುಡಿ (ಅನುಮಾನಾಸ್ಪದ) ಅರ್ಧ ಚೀಲ. ಅಲಂಕಾರಿಕ ವಸ್ತುಗಳು ಏಳು.

"ಅಲಂಕಾರ ಅಲ್ಲ ಸಾರ್, ಅವು ಹಲ್ಲು."

"ಯಾರ್ದು?"

"ಹಲ್ಲಿಲ್ಲದೋರ್ದು."

"ಅದಕ್ಕೆ ದಾಖಲೆ ಇದೆಯಾ?"

ಹಲ್ಲಿಗೆ ಯಾರು ದಾಖಲೆ ಇಡುತ್ತಾರೆ? ಅವರೇ ಬಿಡಿಸಿ ಹೇಳಿದರು: "ನೋಡಿ ಮೇಡಂ, ಬ್ಯಾಂಕು ಒಂದನೇ ಪಕ್ಷ. ಸಾಲ ತಗೊಂಡೋರು ಎರಡನೇ ಪಕ್ಷ. ನೀವು ಮೂರನೆಯವರು. ಮೂರನೆಯವರಿಗೆ ಏನಾದ್ರೂ ಹಕ್ಕಿದ್ರೆ ಹರಾಜಿಗೆ ಮುಂಚೆ ನ್ಯಾಯಮಂಡಳಿಗೆ ಅರ್ಜಿ ಹಾಕಿ ಸಾಬೀತು ಮಾಡ್ಬೇಕು. ಆಮೇಲೆ ಬಂದ್ರೆ ನಮ್ಮ ಕೈಲಿ ಏನೂ ಇರಲ್ಲ."

"ಮತ್ತೆ ಹಲ್ಲಿನೋರು?"

ಅವರು ಪೆನ್ನು ಕಚ್ಚಿಕೊಂಡು ಯೋಚಿಸಿದರು. "ಅವರು ನಾಲ್ಕನೆಯವರು ಅನ್ಸುತ್ತೆ."

ಬ್ಯಾಂಕಿನ ಕಡತದಲ್ಲಿ ನನ್ನ ಹೆಸರೇ ಇಲ್ಲ. ಆರು ವರ್ಷದ ಹಿಂದೆ ಸಾಲ ಕೊಡುವಾಗ ಬರೆದುಕೊಂಡದ್ದು ಇಷ್ಟೇ: ಕಟ್ಟಡ ಖಾಲಿ. ಅಂದರೆ ಹನ್ನೊಂದು ವರ್ಷದಿಂದ ಖಾಲಿ ಜಾಗದಲ್ಲಿ ಕೂತು ಮೇಣ ಕರಗಿಸುತ್ತಿದ್ದೆ.

ಮಾರ್ಚ್ 6, ಗುರುವಾರ

ಕ್ಲಿನಿಕ್‌ನಿಂದ ವಿಳಾಸಗಳನ್ನು ತಂದು ಮನೆಮನೆ ತಿರುಗಿದೆ. ನನಗೆ ಆಗದ ಕೆಲಸ. ಬೇರೆಯವರ ಮನೆಯ ಕುರ್ಚಿಯಲ್ಲಿ ಕೂರುವುದೆಂದರೆ ನನಗೆ ಮೊದಲಿನಿಂದಲೂ ಮುಳ್ಳಿನ ಮೇಲೆ ಕೂತ ಹಾಗೆ.

ನಂಬರ್ ಏಳು ಒಂದು ಮುದುಕಿ. ಮೂರನೇ ಮಹಡಿ. ಬಾಗಿಲಲ್ಲೇ ವಿಷಯ ಹೇಳಿ ಹೊರಡೋಣವೆಂದರೆ ಕೈ ಹಿಡಿದು ಒಳಗೆಳೆದುಕೊಂಡು ಕೂರಿಸಿತು. ಇಪ್ಪತ್ತಮೂರಕ್ಕೆ ಇದರ ತಂಗಿ ಬರುತ್ತಾಳಂತೆ, ಒಂಬತ್ತು ವರ್ಷದ ಮೇಲೆ. ಒಳ್ಳೆಯದಾಯಿತಲ್ಲ ಎಂದೆ.

"ಏನ್ ಒಳ್ಳೇದು? ಜಗಳ ಆಡೋಕೆ ಕರೆಸಿರೋದು. ನಮ್ಮಮ್ಮನ ಹೊಲಿಗೆ ಮಿಷನ್ ಎತ್ಕೊಂಡು ಹೋದೋಳು ಅವಳು! ಒಂಬತ್ತು ವರ್ಷದಿಂದ ಏನೇನು ಅನ್ಬೇಕು ಅಂತ ಜೋಡಿಸಿಟ್ಟಿದೀನಿ. ಹಲ್ಲಿಲ್ದೆ ಅಂದ್ರೆ ಯಾರಿಗೆ ನಾಟುತ್ತೆ, ಹೇಳು ಮಗಳೇ?"

ಮಗಳಂತೆ. ಕಾಫಿ ಕುಡಿಯುವ ತನಕ ಬಿಡಲಿಲ್ಲ.

ನಂಬರ್ ಎರಡು ನಿವೃತ್ತ ವಕೀಲ. ಹಲ್ಲಿಲ್ಲದೆ ಆಡುವ ಮಾತು ಹೆಂಡತಿಯ ಹೊರತು ಯಾರಿಗೂ ತಿಳಿಯದು. ನೋಟೀಸಿನ ನಕಲು ಓದುತ್ತಾ ಓದುತ್ತಾ ಕಿವಿ ಕೆಂಪಾಯಿತು. ಎದ್ದು ನಿಂತು ಏನೋ ಗುಡುಗಿತು.

"ಏನಂದ್ರು?" ಎಂದು ಹೆಂಡತಿಯನ್ನು ಕೇಳಿದೆ.

"ಕೇಸು ನಂದು ಅಂದ್ರು. ಎಂಟು ವರ್ಷದಿಂದ ಮನೇಲಿ ಕೂತು ನನ್ ತಲೆ ತಿಂತಿದ್ರು. ದಯವಿಟ್ಟು ಕರ್ಕೊಂಡು ಹೋಗಿ."

ಮಾರ್ಚ್ 8, ಶನಿವಾರ

ಮಾಲೀಕ ಯಾವುದೋ ಬೇರೆ ಫೋನಿನಿಂದ ಮಾತಾಡಿದ. "ಬಾಡಿಗೆಯವರಿದಾರೆ ಅಂದ್ರೆ ಸಾಲ ಕಮ್ಮಿ ಕೊಡ್ತೀವಿ ಅಂದ್ರಮ್ಮ. ಅದಕ್ಕೆ ಖಾಲಿ ಅಂತ ಬರೆಸ್ಬಿಟ್ಟೆ. ಒಂದೇ ಒಂದು ಪದ."

"ಆ ಪದದೊಳಗೆ ನಾನಿದ್ದೆ," ಎಂದೆ.

ಆತ ಅತ್ತ. ಅಳುವವರನ್ನು ಬೈಯಲು ನನಗೆ ಬರುವುದಿಲ್ಲ. ಫೋನು ಇಟ್ಟೆ. ಬೈಯದ ಬೈಗುಳ ಇಡೀ ದಿನ ಅಜೀರ್ಣದ ಹಾಗೆ ಎದೆಯಲ್ಲೇ ಕೂತಿತ್ತು.

ನಂಬರ್ ಐದು ಇವತ್ತು ಕ್ಲಾರಿನೆಟ್ ಊದಬೇಕಿತ್ತು. ಏನಾಯಿತೋ. ನನಗೇನು.

ಮಾರ್ಚ್ 11, ಮಂಗಳವಾರ

ವಕೀಲರ ಮನೆಯ ಊಟದ ಮೇಜಿನ ಮೇಲೆ ಕಾಗದಗಳನ್ನು ಹರಡಿಕೊಂಡು ಐದು ತಾಸು ಕೂತೆವು. ಹನ್ನೊಂದು ವರ್ಷದ ಹಿಂದಿನ ಬಾಡಿಗೆ ಕರಾರು, ಅಷ್ಟು ವರ್ಷದ ರಸೀದಿಗಳು, ನನ್ನ ಹೆಸರಿನ ಕರೆಂಟ್ ಬಿಲ್ಲು. ಅವರು ಹೇಳುತ್ತಾ ಹೋದರು, ಅವರ ಮನೆಯವರು ಬಿಡಿಸಿ ಹೇಳುತ್ತಾ ಹೋದರು, ನಾನು ಬರೆದುಕೊಂಡೆ. ಸಾರಾಂಶ ಇಷ್ಟು: ಅಡಮಾನಕ್ಕಿಂತ ಮುಂಚೆ ಬಂದು ಕೂತವಳನ್ನು ಬ್ಯಾಂಕು ಸೀದಾ ಎಬ್ಬಿಸುವ ಹಾಗಿಲ್ಲ. ಮಾರಬಹುದು, ಆದರೆ ನಾನಿದ್ದೇನೆ ಎಂದು ಹೇಳಿಯೇ ಮಾರಬೇಕು. ಇನ್ನು ಹಲ್ಲು ಅಡಮಾನದಲ್ಲಿ ಬರುವುದೇ ಇಲ್ಲ, ಅದನ್ನು ಇಟ್ಟುಕೊಳ್ಳುವ ಹಕ್ಕು ಯಾರಿಗೂ ಇಲ್ಲ.

ಈ ಕೊನೆಯ ಮಾತನ್ನು ವಕೀಲರು ಮೇಜು ಗುದ್ದಿ ಹೇಳಿದರು. ಅದು ಮಾತ್ರ ನನಗೆ ನೇರವಾಗಿ ಅರ್ಥವಾಯಿತು.

ಮಾರ್ಚ್ 14, ಶುಕ್ರವಾರ

ಏಳೂ ಜನ ಬ್ಯಾಂಕಿಗೆ ಹೋದೆವು, ನಾನು ಎಂಟನೆಯವಳು. ಸೋಫಾದ ಮೇಲೆ ಸಾಲಾಗಿ ಕೂತರು, ಏಳು ಬೊಚ್ಚುಬಾಯಿ. ಹಣ ಕಟ್ಟಲು ಬಂದವರು ನೋಡಿ ನೋಡಿ ಚೀಟಿಗಳನ್ನು ತಪ್ಪು ತುಂಬಿದರು.

ವಸೂಲಿ ಅಧಿಕಾರಿ ಬೆವರು ಒರೆಸಿಕೊಂಡು, "ಖಂಡಿತ, ಖಂಡಿತ. ಆದ್ರೆ ಪಟ್ಟಿಗೆ ಸೇರಿದ್ದನ್ನ ನಾನಾಗಿ ಬಿಡೋಕೆ ಬರಲ್ಲ. ನ್ಯಾಯಮಂಡಳಿ ಹೇಳ್ಬೇಕು. ಅಷ್ಟರಲ್ಲಿ ಎಲ್ಲರೂ ನಿಮ್ಮ ನಿಮ್ಮ ವಸ್ತುವಿನ ಗುರುತು ಬರ್ದುಕೊಡಿ," ಎಂದು ಕಾಗದ ಹಂಚಿದರು.

ಒಬ್ಬರು 'ಬಿಳಿ' ಎಂದು ಬರೆದರು. ಇನ್ನೊಬ್ಬರು 'ನಕ್ಕರೆ ಚೆನ್ನಾಗಿ ಕಾಣುತ್ತದೆ' ಎಂದು ಬರೆದರು. ಏಳನೇ ನಂಬರಿನ ಅಜ್ಜಿ ಬರೆದದ್ದು: 'ಕೊಟ್ಟು ನೋಡಿ, ಕಚ್ಚಿ ತೋರಿಸುತ್ತೇನೆ.'

ಕ್ಲಾರಿನೆಟ್‌ನವರು ಏನೂ ಬರೆಯದೆ ಕೂತಿದ್ದರು. ಏನಾಯಿತು ಎಂದು ಕೇಳಿದೆ. ಬ್ಯಾಂಡಿನಲ್ಲಿ ಅವರ ಜಾಗಕ್ಕೆ ಬೇರೆಯವರು ಬಂದಿದ್ದಾರಂತೆ. ಮೂವತ್ತು ವರ್ಷ ಜೊತೆಗಿದ್ದವರೆಂದು ಹೊರಗೆ ಹಾಕದೆ ಕೈಗೆ ತಾಳ ಕೊಟ್ಟಿದ್ದಾರೆ.

"ಒಂದು ಹಾಡಿಗೆ ನಾಲ್ಕೇ ಸಲ ಹೊಡೀಬೇಕು," ಎಂದರು. "ಮಿಕ್ಕ ಹೊತ್ತೆಲ್ಲ ಅವನು ತಪ್ಪಾಗಿ ಊದೋದನ್ನ ಕೇಳ್ತಾ ನಿಂತಿರ್ಬೇಕು."

ನನಗೆ ನಗುವೂ ಬಂತು, ನಗಬಾರದು ಎಂದೂ ಅನ್ನಿಸಿತು. ಅವರ ಕಾಗದದ ಮೇಲೆ ನಾನೇ ಬರೆದೆ: ಮೇಲಿನ ಮುಂಭಾಗದಲ್ಲಿ ವಾದ್ಯ ಕಚ್ಚಿ ಕಚ್ಚಿ ಆದ ಸವೆತ, ಎರಡು ಕಡೆ. ಅಧಿಕಾರಿಗಳು ಓದಿ ಮೊದಲ ಸಲ ಖಂಡಿತ ಎನ್ನಲಿಲ್ಲ.

ಮಾರ್ಚ್ 18, ಮಂಗಳವಾರ

ಇವತ್ತಿನದನ್ನು ಪೂರ್ತಿ ಬರೆಯಬೇಕು.

ಹರಾಜು ಹತ್ತಿರವಿದೆ ಎಂದು ನ್ಯಾಯಮಂಡಳಿಯವರು ನಮ್ಮ ಅರ್ಜಿಗೆ ಬೇಗ ದಿನ ಕೊಟ್ಟಿದ್ದರು. ಇಕ್ಕಟ್ಟಾದ ಕೋಣೆ, ಒಂದೇ ಫ್ಯಾನು. ಎತ್ತರದ ಕುರ್ಚಿಯಲ್ಲಿ ಅಧ್ಯಕ್ಷೆ, ಕನ್ನಡಕ ಹಣೆಯ ಮೇಲೆ. ನಮ್ಮ ವಕೀಲರು ಎಂಟು ವರ್ಷದ ಮೇಲೆ ಕಪ್ಪು ಕೋಟು ಹಾಕಿಕೊಂಡು ಬಂದಿದ್ದರು, ಗುಂಡಿ ಹೊಟ್ಟೆಗೆ ಸಾಲದು. ಎದ್ದು ನಿಂತರು.

"ಮಹಾಫ್ವಾಮಿ, ಹೃಹೀಯ ಪಕ್ಷಹರ ಹಕ್ಕು..."

ಅಧ್ಯಕ್ಷೆ ಕನ್ನಡಕ ಇಳಿಸಿದರು. "ಏನು?"

ವಕೀಲರು ಇನ್ನೂ ಜೋರಾಗಿ ಅದನ್ನೇ ಹೇಳಿದರು. ಜೋರಾದರೆ ಅರ್ಥವಾಗುತ್ತದೆಯೇ? ಬೆರಳಚ್ಚಿನವಳು ಬಡಿದದ್ದನ್ನು ಅಧ್ಯಕ್ಷೆ ಓದಿಸಿದರು. "ಹೃದಯ ಪಕ್ಷಿಗಳ ಹಕ್ಕು," ಎಂದು ಓದಿದಳು. ತೃತೀಯ ಪಕ್ಷದವರ ಹಕ್ಕು ಎಂದು ವಕೀಲರ ಮನೆಯವರು ಹಿಂದಿನ ಬೆಂಚಿನಿಂದ ತಿದ್ದಿದರು. ಬ್ಯಾಂಕಿನ ವಕೀಲ ತಕ್ಷಣ ಎದ್ದು, "ಆಕ್ಷೇಪಣೆ! ಆ ಹೆಂಗಸು ವಕೀಲರಲ್ಲ," ಎಂದ. "ನಲವತ್ತು ವರ್ಷ ಇವರ ಜೊತೆ ವಾದ ಮಾಡಿದೀನಪ್ಪ, ನಿನಗಿಂತ ಜಾಸ್ತಿ!" ಎಂದು ಅವರು ಕೂತಲ್ಲಿಂದಲೇ ಹೇಳಿದರು. ಅಜ್ಜಿ ಚಪ್ಪಾಳೆ ತಟ್ಟಿತು.

ಅಧ್ಯಕ್ಷೆ ಮೇಜು ಬಡಿದು, "ಈ ವಿಷಯ ಪೂರ್ತಿ ಗೊತ್ತಿದ್ದು, ಬಾಯಲ್ಲಿ ಹಲ್ಲೂ ಇರೋರು ಯಾರಾದ್ರೂ ಇದ್ದೀರಾ?" ಎಂದರು.

ಏಳು ತಲೆಗಳೂ ನನ್ನ ಕಡೆ ತಿರುಗಿದವು. ಎದ್ದೆ.

ಕರಾರು ತೋರಿಸಿದೆ. ಬ್ಯಾಂಕಿನ ವಕೀಲ, ಈ ಕಾಗದ ನಿನ್ನೆ ಮೊನ್ನೆ ಹುಟ್ಟಿರಬಹುದು, ಸಾಲ ಕೊಡುವಾಗ ನಮ್ಮ ಮೌಲ್ಯಮಾಪಕರು ಸ್ವತಃ ಹೋಗಿ ಅಳತೆ ಮಾಡಿ ಖಾಲಿ ಎಂದು ಬರೆದಿದ್ದಾರೆ, ಅವರೇ ಬಂದಿದ್ದಾರೆ ನೋಡಿ, ಎಂದು ಪಕ್ಕಕ್ಕೆ ಕೈ ತೋರಿಸಿದ. ಅಲ್ಲಿದ್ದವರು ನಮ್ರವಾಗಿ ನಕ್ಕರು.

ನಕ್ಕದ್ದು ಒಳ್ಳೆಯದಾಯಿತು. ಮುಖ ನನಗೆ ಎಂದೂ ನೆನಪಿರುವುದಿಲ್ಲ, ಬಾಯಿ ಮರೆಯುವುದಿಲ್ಲ. ಮೇಲಿನ ಎರಡು ಮುಂದಿನ ಹಲ್ಲಿನ ನಡುವೆ ಸಂದು, ಎಡಗಡೆಯದು ಚಕ್ಕೆ ಎದ್ದದ್ದು.

"ಇವರು ಬಂದಿದ್ದು ನಿಜ ಅಮ್ಮಾವ್ರೇ," ಎಂದೆ. "ಒಬ್ಬರೇ ಬಂದಿದ್ರು. ಟೇಪಿನ ಒಂದು ತುದಿ ನನ್ನ ಕೈಗೆ ಕೊಟ್ಟು, ಇಲ್ಲಿ ಹಿಡ್ಕೊಳ್ಳಿ ಅಂದ್ರು. ನಾನು ಮೇಣದ ಕೈ ಒರೆಸ್ಕೊಂಡು ಹಿಡ್ಕೊಂಡೆ. ಮುಂದಿನ ಕೋಣೆ, ಹಿಂದಿನ ಕೋಣೆ, ಎರಡೂ. ಕಟ್ಟಡ ಖಾಲಿ ಇದ್ದಿದ್ರೆ ಆ ಕಡೆ ತುದಿ ಹಿಡಿದದ್ದು ಯಾರು ಅಂತ ಕೇಳಿ."

ಅಧ್ಯಕ್ಷೆ ಅವರ ಕಡೆ ತಿರುಗಿದರು. "ಯಾರ್ರೀ ಹಿಡಿದದ್ದು?"

ಮೌಲ್ಯಮಾಪಕರು ತುಟಿ ಮುಚ್ಚಿ, ತೆರೆದು, ಮುಚ್ಚಿ, ಕೊನೆಗೆ, "ಇವರೇ ಮೇಡಂ," ಎಂದರು. "ಮಾಲೀಕರು ಹೇಳಿದ್ರು, ಇವರು ನಾಳೆ ನಾಡಿದ್ದು ಬಿಡ್ತಾರೆ ಅಂತ."

ಆಮೇಲೆ ನಾನು ಕೂರಬಹುದಿತ್ತು. ಯಾಕೋ ಕೂರಲಿಲ್ಲ. ಬ್ಯಾಂಡಿನ ತಾಳದ ವಿಷಯ ಹೇಳಿದೆ, ಅಜ್ಜಿಯ ತಂಗಿಯ ವಿಷಯ ಹೇಳಿದೆ, ಮಿಕ್ಕ ನಾಲ್ವರು ಎರಡು ವಾರದಿಂದ ಏನು ತಿನ್ನುತ್ತಿದ್ದಾರೆ ಎಂದು ಒಬ್ಬೊಬ್ಬರದಾಗಿ ಹೇಳಿದೆ. ಬ್ಯಾಂಕಿನ ವಕೀಲ ಎರಡು ಸಲ ಅಡ್ಡ ಬಂದ. "ತಡೀರಿ, ನಂದು ಮುಗಿದಿಲ್ಲ," ಎಂದೆ.

ಆದೇಶ: ಮೊದಲನೆಯದು, ಹರಾಜಿನ ನೋಟೀಸಿನಲ್ಲಿ ನನ್ನ ಬಾಡಿಗೆ ಹಕ್ಕನ್ನು ಸೇರಿಸಿ ಮತ್ತೆ ಪ್ರಕಟಿಸಬೇಕು, ಕೊಂಡವರು ಅದಕ್ಕೆ ಬದ್ಧರು. ಎರಡನೆಯದು, ಗುರುವಾರ ಬೀಗ ತೆಗೆದು ನನ್ನ ಸಾಮಾನು ನನಗೆ ಬಿಡಬೇಕು. ಮೂರನೆಯದು, ಹಲ್ಲುಗಳನ್ನು ಎಲ್ಲರ ಎದುರಿಗೆ ಹಾಕಿಸಿ ನೋಡಿ, ಹೊಂದಿದವರಿಗೆ ಕೊಡಬೇಕು.

ಮನೆಗೆ ಬಂದು ನೋಡಿದರೆ ಗಂಟಲು ಕಟ್ಟಿತ್ತು. ಫ್ಯಾನಿನ ಗಾಳಿಗೆ ಇರಬೇಕು.

ಮಾರ್ಚ್ 20, ಗುರುವಾರ

ವಸೂಲಿ ಅಧಿಕಾರಿ ಅರಗು ಒಡೆದು ಬೀಗ ತೆಗೆದರು. ಒಳಗೆ ಧೂಳು, ಆರಿದ ಮೇಣದ ವಾಸನೆ. ತಟ್ಟೆಗಳ ಮೇಲಿನ ಚೀಟಿಗಳೆಲ್ಲ ಕಿತ್ತುಹೋಗಿದ್ದವು. ಪಟ್ಟಿ ಮಾಡುವಾಗ ಬ್ಯಾಂಕಿನವರು ತಮ್ಮ ಚೀಟಿ ಅಂಟಿಸಿದ್ದರು.

ಅಧಿಕಾರಿ, "ಒಬ್ಬೊಬ್ಬರೇ ಎಲ್ಲಾದನ್ನೂ ಹಾಕಿ ನೋಡಿ," ಎಂದರು.

"ಹಾಗೆಲ್ಲ ಹಾಕೋಕೆ ಇದೇನು ಚಪ್ಪಲಿ ಅಂಗಡಿನಾ?" ಎಂದು ನಾನೇ ಒಂದೊಂದನ್ನೂ ನೋಡಿ ಕುದಿಸಿ ಆರಿಸಿದ ನೀರಲ್ಲಿ ತೊಳೆದು ಕೊಟ್ಟೆ. ಒಂದೂ ತಪ್ಪಲಿಲ್ಲ. ಅವರು ಪಕ್ಕದಲ್ಲಿ ನಿಂತು 'ಬಾಯಿಗೆ ಹೊಂದಿದೆ', 'ಬಾಯಿಗೆ ಹೊಂದಿದೆ' ಎಂದು ಬರೆದುಕೊಂಡರು. ವಕೀಲರು ಹಲ್ಲು ಹಾಕಿಕೊಂಡು, ಕನ್ನಡಿ ನೋಡಿ, ಮೊನ್ನೆ ಹೇಳಲಾಗದ ವಾದವನ್ನು ಮೊದಲಿನಿಂದ ಕೊನೆಯವರೆಗೆ ಸ್ಪಷ್ಟವಾಗಿ ಮಂಡಿಸಿದರು. ಯಾರೂ ತಡೆಯಲಿಲ್ಲ. ಅವರ ಮನೆಯವರು ಮಾತ್ರ, "ಇನ್ನು ನನಗೆ ಉಳಿಗಾಲ ಇಲ್ಲ," ಎಂದರು.

ಏಳನೆಯ ತಟ್ಟೆಯಲ್ಲಿ ಅಜ್ಜಿಯ ಕೆಳಗಿನ ಸೆಟ್ ಎರಡು ತುಂಡು.

ಅಧಿಕಾರಿಯ ಮುಖ ಬಿಳಿಚಿತು. "ನಾನೇ," ಎಂದರು. "ಪಟ್ಟಿ ಮಾಡ್ವಾಗ ಏನಿದು ಅಂತ ಎತ್ತಿ ನೋಡ್ದೆ. ನೋಡ್ತಾ ನೋಡ್ತಾ ಹಲ್ಲು ಅಂತ ಗೊತ್ತಾಯ್ತು. ಗಾಬರಿಗೆ ಕೈ ಜಾರ್ತು."

ಅಂದರೆ ಹಲ್ಲು ಎಂದು ಗೊತ್ತಿದ್ದೂ ಅಲಂಕಾರ ಎಂದು ಬರೆದದ್ದು. ಬೈದೆ. ಮಾಲೀಕನಿಗೆ ಬೈಯದೆ ಉಳಿದದ್ದನ್ನೂ ಸೇರಿಸಿ ಬೈದೆ. ಅಧಿಕಾರಿ ಖಂಡಿತ ಖಂಡಿತ ಎನ್ನುತ್ತಾ ನಿಂತಿದ್ದ. ಕೊನೆಗೆ ಅಜ್ಜಿಯೇ, "ಸಾಕು ಬಿಡೇ, ಪಾಪ, ಅತ್ತೇ ಬಿಡ್ತಾನೆ," ಎಂದಿತು.

ಎರಡು ತುಂಡಾದ ಸೆಟ್ ಅಂಟಿಸಿದರೆ ನಿಲ್ಲುವುದಿಲ್ಲ. ಹೊಸದಾಗಿ ಅಚ್ಚು ತೆಗೆದೇ ಮಾಡಬೇಕು. ಇಪ್ಪತ್ತಮೂರಕ್ಕೆ ಏನು ಮಾಡಿದರೂ ಆಗದು. ಅಜ್ಜಿಗೆ ಹೇಳುವಾಗ ಮುಖ ನೋಡಲಾಗಲಿಲ್ಲ.

ಮಾರ್ಚ್ 24, ಸೋಮವಾರ

ಬೆಳಿಗ್ಗೆ ಎದ್ದವಳೇ ಮೊದಲು ಅಜ್ಜಿಯ ಮನೆಗೆ ಓಡಿದೆ. ಬಾಗಿಲು ತೆಗೆದದ್ದು ತಂಗಿ. ಅಜ್ಜಿ ಒಳಗೆ ಕುರ್ಚಿಯಲ್ಲಿ ಮಹಾರಾಣಿಯ ಹಾಗೆ ಕೂತಿತ್ತು.

"ಜಗಳ ಏನಾಯ್ತು?"

"ಗೆದ್ದೆ! ಎರಡು ತಾಸು ಅಂದೆ ಕಣೇ. ಅವಳಿಗೆ ಒಂದಕ್ಷರ ಅರ್ಥ ಆಗ್ಲಿಲ್ಲ. ಒಂದಕ್ಕೂ ಉತ್ತರ ಕೊಡೋಕಾಗ್ಲಿಲ್ಲ!"

ತಂಗಿ ನನ್ನನ್ನು ಅಡುಗೆಮನೆಗೆ ಕರೆದು, "ಹೊಸ ಹಲ್ಲು ಯಾವಾಗ ಬರುತ್ತೆ?" ಎಂದು ಮೆಲ್ಲಗೆ ಕೇಳಿದಳು. ಹತ್ತು ದಿನವಾದರೂ ಬೇಕು ಎಂದೆ. "ಹಾಗಾದ್ರೆ ಹನ್ನೊಂದನೇ ದಿನದವರೆಗೂ ಇರ್ತೀನಿ. ಏನಂದಳು ಅಂತ ಕೇಳ್ಬೇಕಲ್ಲ," ಎಂದಳು.

ಅಲ್ಲೇ ತಿಂಡಿ ತಿಂದು ಹೊರಟಾಗ ಹತ್ತೂವರೆ.

ಮಾರ್ಚ್ 28, ಶುಕ್ರವಾರ

ಹರಾಜಿಗೆ ಮೂವರು ಬಂದಿದ್ದರು. ಹೊಸ ನೋಟೀಸಿನಲ್ಲಿ ನನ್ನ ಹೆಸರು ಓದಿ ಇಬ್ಬರು ಎದ್ದುಹೋದರು. ಆ ಇಬ್ಬರಿಗೆ ಬೇಕಿದ್ದದ್ದು ಕಟ್ಟಡ ಕೆಡವಿದ ಜಾಗ. ಉಳಿದವಳು ಹಾಸಿಗೆ ಅಂಗಡಿಯಾಕೆ. ಮೇಲಿನ ಮಹಡಿ ಗೋದಾಮಿಗೆ ಸಾಕು, ಕೆಳಗೆ ಯಾರಿದ್ದರೂ ಚಿಂತೆಯಿಲ್ಲ ಎಂದು ಕೊಂಡಳು. ಹಳೆಯ ಮಾಲೀಕ ಗೋಡೆಯ ಬಳಿ ನಿಂತಿದ್ದ, ತುಂಬಾ ಇಳಿದುಹೋಗಿದ್ದಾನೆ. ನೋಡಿಯೂ ನೋಡದ ಹಾಗೆ ಬಂದುಬಿಡಬಹುದಿತ್ತು. ಹೋಗಿ, "ಊಟ ಆಯ್ತಾ?" ಎಂದು ಕೇಳಿದೆ. ಆಗಿರಲಿಲ್ಲ. ಅವನನ್ನು ಕ್ಯಾಂಟೀನಿಗೆ ಕರೆದುಕೊಂಡು ಹೋದೆ. ಊಟದ ಮಧ್ಯೆ ಒಂದೆರಡು ಮಾತು ಅಂದೆ ಕೂಡ. ಆತ ತಲೆ ಬಗ್ಗಿಸಿಕೊಂಡು ತಿಂದ.

ಸಂಜೆ ಕ್ಲಾರಿನೆಟ್‌ನವರು ಅಂಗಡಿಗೆ ಬಂದಿದ್ದರು. ಬ್ಯಾಂಡಿನಲ್ಲಿ ಹಳೆಯ ಜಾಗ ಸಿಕ್ಕಿದೆ. ತಾಳ ಈಗ ಮತ್ತೊಬ್ಬನ ಕೈಯಲ್ಲಿ, ಅವನು ನಾಲ್ಕರಲ್ಲಿ ಎರಡು ತಪ್ಪಿಸುತ್ತಾನಂತೆ. ಅದನ್ನು ಹೇಳುವಾಗ ಅವರಿಗೆ ತಡೆಯಲಾಗದ ಖುಷಿ.

ಏಪ್ರಿಲ್ 9, ಬುಧವಾರ

ಹಾಸಿಗೆ ಅಂಗಡಿಯಾಕೆ ಕಟ್ಟಡವನ್ನು ಕೊಂಡದ್ದೂ ಸಾಲದಲ್ಲೇ. ಇವತ್ತು ಬೇರೊಂದು ಬ್ಯಾಂಕಿನಿಂದ ಪರಿಶೀಲನೆಗೆ ಒಬ್ಬ ಬಂದಿದ್ದ. ರಸ್ತೆಯ ಆಚೆ ನಿಂತೇ ಫೋಟೋ ತೆಗೆದು, ಸ್ಕೂಟರ್ ಸೀಟಿನ ಮೇಲೆ ಕಾಗದ ಇಟ್ಟುಕೊಂಡು ತುಂಬತೊಡಗಿದ.

ನಾನು ಕಿಟಕಿಯಿಂದ ನೋಡುತ್ತಿದ್ದೆ. ಕೈಯಲ್ಲಿದ್ದ ಸೆಟ್ಟನ್ನು ನೀರಿಗೆ ಹಾಕಿ ರಸ್ತೆ ದಾಟಿದೆ.

"ನಮಸ್ಕಾರ. ಒಳಗೆ ಬಂದು ನೋಡಲ್ವಾ?"

"ಬೇಡ ಮೇಡಂ, ಹೊರಗಿಂದ ಆಗುತ್ತೆ."

"ಆಗಲ್ಲ. ಬನ್ನಿ."

ಬಂದ. ಮುಂದಿನ ಕೋಣೆ ತೋರಿಸಿದೆ, ಹಿಂದಿನ ಕೋಣೆ ತೋರಿಸಿದೆ. ಕುರ್ಚಿ ಕೊಟ್ಟು ಕೂರಿಸಿದೆ. 'ವಾಸ ಅಥವಾ ಬಳಕೆಯಲ್ಲಿರುವವರು' ಎಂಬ ಕಡೆ ಆತನ ಪೆನ್ನು ನಿಂತಿತು.

"ನೀವು ಇಲ್ಲಿ ಎಷ್ಟು ದಿನ ಇರ್ತೀರಿ ಮೇಡಂ?"

"ಮೊದಲು ಎಷ್ಟು ದಿನದಿಂದ ಇದೀನಿ ಅಂತ ಬರ್ಕೊಳ್ಳಿ. ಹನ್ನೊಂದು ವರ್ಷ, ಎರಡು ತಿಂಗಳು. ಹೆಸರು ಬಿಡಿಸಿ ಹೇಳ್ತೀನಿ, ನಿಧಾನವಾಗಿ ಬರೀರಿ, ನನಗೇನೂ ಅವಸರ ಇಲ್ಲ."

ಬರೆದ. ಕಾಗದ ತಿರುಗಿಸಿಕೊಂಡು ಓದಿದೆ. ಒಂದು ದೀರ್ಘ ಬಿಟ್ಟುಹೋಗಿತ್ತು, ಹಾಕಿಸಿದೆ.